ಸೋರುವ ನಲ್ಲಿಗೆ ಎದ್ದು ನಿಂತ ಸಭೆ

ಅಕ್ಕಾ,

ಗೆದ್ದೆವು ಕಣೇ! ನಮ್ಮ ಅಡುಗೆಮನೆಯ ಸೋರುವ ನಲ್ಲಿ, ಬಾರದ ಪ್ಲಂಬರನಿಗೆ ಫೋನಿನಲ್ಲಿ ಬೈಯುವ ನಿನ್ನ ದನಿ, ಇಷ್ಟನ್ನೇ ಇಟ್ಟು ನಾನು ಸಿನಿಮಾ ಬರೆದಾಗ “ಇದನ್ನೆಲ್ಲ ಯಾರು ನೋಡ್ತಾರೋ, ಹುಚ್ಚಪ್ಪಾ?” ಅಂದಿದ್ದೆಯಲ್ಲ. ನಿನ್ನೆ ಈ ಪರದೇಶದ ಚಿತ್ರೋತ್ಸವದಲ್ಲಿ ಕೂರಲು ಕುರ್ಚಿ ಸಿಗದೆ ಜನ ಮೆಟ್ಟಿಲ ಮೇಲೆ ಕೂತು ನೋಡಿದರು.

ಆದರೆ ಶುರುವಿನಲ್ಲೇ ಧ್ವನಿ ಕೈಕೊಟ್ಟಿತು. ಪರದೆಯ ಮೇಲೆ ನಲ್ಲಿ ತೊಟ್ಟಿಕ್ಕುತ್ತಿದೆ, ಕೆಳಗೆ ಇಲ್ಲಿಯವರ ಭಾಷೆಯಲ್ಲಿ ನಿನ್ನ ಬೈಗುಳದ ಅನುವಾದ ಓಡುತ್ತಿದೆ, ನೀನೊಬ್ಬಳು ಗಪ್‌ಚುಪ್! ನಮ್ಮ ನಿರ್ದೇಶಕಿ ತಲೆಯ ಮೇಲೆ ಕೈ ಹೊತ್ತು ಕೂತಳು. ನಾನು ಪರದೆಯ ಪಕ್ಕಕ್ಕೆ ಓಡಿ ನಿಂತು ಬೈಯತೊಡಗಿದೆ: “ನಾಳೆ ನಾಳೆ ಅಂತ ಎಷ್ಟು ದಿನ ಕಾಗೆ ಹಾರಿಸ್ತೀಯಪ್ಪಾ?” ನಿನ್ನಿಂದ ಬೈಸಿಕೊಂಡೇ ಬೆಳೆದವನಿಗೆ ಮಾತು ಬರೆದ ಚೀಟಿ ಯಾಕೆ? ನೀನು ಉಸಿರೆಳೆಯುವ ಜಾಗವೂ ತಪ್ಪಲಿಲ್ಲ. ದೀಪ ಹತ್ತಿದಾಗ ಸಭೆಯೆಲ್ಲ ಎದ್ದು ನಿಂತು ಚಪ್ಪಾಳೆ ಹೊಡೆಯಿತು. ನಾನು ನಿಂತು ಬೈದದ್ದೂ ಸಿನಿಮಾದ ಪ್ರಯೋಗವೇ ಅಂದುಕೊಂಡರು, ನಾವೂ ಹೂಂಗುಟ್ಟಿದೆವು.

ಗಂಟಲು ಕಟ್ಟಿದೆ, ಬಿಸಿನೀರು ಕುಡಿಯುತ್ತಿದ್ದೇನೆ, ಗಾಬರಿಯಾಗಬೇಡ. ಇವತ್ತು ಇನ್ನೊಮ್ಮೆ ಬೈಯಬೇಕಂತೆ.

ಕಾರ್ಡಿನಲ್ಲಿ ಜಾಗ ಮುಗಿಯಿತು. ಬೀದಿಯಲ್ಲಿ ಸಿಕ್ಕವರೆಲ್ಲ ಕೈ ಹಿಡಿದು ಒಂದೇ ಮಾತು ಕೇಳುತ್ತಿದ್ದಾರೆ, ಬೇಗ ತಿಳಿಸು: ಆ ಪ್ಲಂಬರ್ ಕೊನೆಗೂ ಬಂದನಾ?

ನಿನ್ನ ತಮ್ಮ