ಕೆಂಪು ಕುರ್ಚಿಯಲ್ಲಿ ಕೂತವರು

ಗುರುವಾರ, ಡ್ಯೂಟಿ ಮುಗಿದ ಮೇಲೆ
ಹೊಲಿಗೆ ಕೋಣೆಯಿಂದ

ಮೂರನೇ ಮಹಡಿಯಲ್ಲಿ ಕಿಟಕಿ ಪಕ್ಕದ ಮಂಚ ಹಿಡಿದು ಮಲಗಿರುವ ನನ್ನ ಗಂಡನಿಗೆ,

ನೀವು ಬಾಯಿ ಬಿಡುವ ಹಾಗಿಲ್ಲ, ನಡುವೆ ಬಾಯಿ ಹಾಕಿ ನನ್ನನ್ನು ನಿಲ್ಲಿಸುವ ಹಾಗೂ ಇಲ್ಲ. ನಮ್ಮ ಸಂಸಾರದಲ್ಲಿ ಇಂಥ ಅನುಕೂಲ ಹಿಂದೆಂದೂ ಒದಗಿ ಬಂದಿರಲಿಲ್ಲ. ದವಡೆಗೆ ಬಿಗಿದ ತಂತಿ ಬಿಚ್ಚುವವರೆಗೂ ನಿಮಗೆ ಮಾತು ಕೂಡದು ಅಂತ ಡಾಕ್ಟರು ಹೇಳಿದ್ದಾರೆ. ಒಂದೇ ಆಸ್ಪತ್ರೆಯಲ್ಲಿದ್ದುಕೊಂಡು ಪತ್ರ ಬರೆಯುವುದೇನು, ಮೆಟ್ಟಿಲು ಹತ್ತಿ ಬರಬಾರದೇ ಅಂತ ನಿಮಗೆ ಅನಿಸಬಹುದು. ನಾನು ಬರುವುದಿಲ್ಲ. ಬಂದರೆ ನಿಮ್ಮ ಊದಿದ ಮುಖ ನೋಡಿ, ಹೇಳಬೇಕಾದದ್ದನ್ನು ಬಿಟ್ಟು ದಿಂಬು ಸರಿಮಾಡುತ್ತಾ ನಿಂತುಬಿಡುತ್ತೇನೆ. ಇದನ್ನು ಆಯಾ ತಂದುಕೊಡುತ್ತಾಳೆ. ಓದಿ ಚೂರು ಚೂರು ಮಾಡಿ ಎಸೆಯಬೇಡಿ, ಗುಡಿಸುವವಳೂ ಅವಳೇ.

ಸೋಮವಾರ ಮಧ್ಯಾಹ್ನ ನನ್ನ ಮೇಜಿಗೆ ಮೊದಲು ಬಂದದ್ದು ನೀವಲ್ಲ, ಅವನು. ಇಬ್ಬರು ಪೊಲೀಸರು ಕಂಕುಳಿಗೆ ಕೈ ಕೊಟ್ಟು ಎಳೆದುಕೊಂಡು ಬಂದರು. ಮೈಮೇಲೆ ಬರೀ ಬನಿಯನ್ನು, ಅದೂ ಹರಿದು ರಕ್ತದಲ್ಲಿ ತೊಯ್ದಿತ್ತು. ಕೆಳತುಟಿ ಎರಡಾಗಿ ಸೀಳಿತ್ತು, ಎಡಗಿವಿ ಅರ್ಧ ಕಿತ್ತು ಜೋತಾಡುತ್ತಿತ್ತು, ನೆತ್ತಿಯ ಚರ್ಮ ಮೇಲೆದ್ದಿತ್ತು. ಬಲಗೈ ಬೆರಳುಗಳಂತೂ ಒಂದೊಂದೂ ಒಂದೊಂದು ದಿಕ್ಕು ನೋಡುತ್ತಿದ್ದವು. ಜೈಲಿಂದ ಬಿಟ್ಟ ಬಡಗಿ, ಯಾರೋ ಫೋಟೋ ತೆಗೆಯುವವರನ್ನು ಕೊಲ್ಲೋಕೆ ಹೋಗಿದ್ದ ಅಂತ ಪೊಲೀಸರಲ್ಲೊಬ್ಬ ಅಂದ. ಊರಲ್ಲಿ ಫೋಟೋ ತೆಗೆಯುವವರು ನೀವೊಬ್ಬರೇ ಅಲ್ಲವಲ್ಲ. ಹಾಗಂದುಕೊಂಡು ಸೂಜಿಗೆ ದಾರ ಪೋಣಿಸಿದೆ.

ಹೊಲಿಯುವಾಗ ಅವನು ಅಳಲಿಲ್ಲ, ಕೈಕಾಲು ಬಡಿಯಲಿಲ್ಲ. ಒಂದೇ ಮಾತನ್ನು ಮತ್ತೆ ಮತ್ತೆ ಕೇಳುತ್ತಿದ್ದ. ಸಿಸ್ಟರ್, ಅವರು ನನ್ನ ಮಗಳ ಮಾತು ಯಾಕೆ ಎತ್ತಿದ್ರು ಅಂತ. ಬಾಯಿ ಮುಚ್ಚಪ್ಪಾ, ತುಟಿ ಸೊಟ್ಟ ಆಗುತ್ತೆ ಅಂತ ಗದರಿದೆ. ಆಮೇಲೆ, ನಿಮ್ಮನ್ನ ಎಲ್ಲೋ ನೋಡಿದೀನಿ ಅಂದ. ಎಲ್ಲರೂ ಹಾಗೇ ಅಂತಾರೆ, ಅರ್ಧ ಊರನ್ನ ನಾನೇ ಹೊಲಿದಿದೀನಿ ಅಂದೆ.

ಅಷ್ಟರಲ್ಲಿ ಬಾಗಿಲು ತಳ್ಳಿಕೊಂಡು ಇನ್ನೊಂದು ಸ್ಟ್ರೆಚರ್ ಬಂತು. ಅದರಲ್ಲಿ ಮಲಗಿದ್ದವನ ಮುಖ ಕಾಣುತ್ತಿರಲಿಲ್ಲ. ಗೀಟಿನ ಅಂಗಿಯೊಂದನ್ನು ಮಡಿಸಿ ಗಲ್ಲದ ಕೆಳಗಿಂದ ತಂದು, ತೋಳುಗಳನ್ನು ನೆತ್ತಿಯ ಮೇಲೆ ಗಂಟು ಹಾಕಿದ್ದರು. ತಲೆಯನ್ನು ಪಕ್ಕಕ್ಕೆ ವಾಲಿಸಿ ಕಟ್ಟಿದ್ದರಿಂದ ರಕ್ತ ಗಂಟಲಿಗೆ ಇಳಿದಿರಲಿಲ್ಲ. ಇಲ್ಲದಿದ್ದರೆ ನೀವು ಆಸ್ಪತ್ರೆ ಬಾಗಿಲು ಕಾಣುತ್ತಿರಲಿಲ್ಲ. ಗಂಟು ಕತ್ತರಿಸಿ ಅಂಗಿ ಬಿಡಿಸಿದೆ. ಒಳಗಿದ್ದದ್ದು ನೀವು.

ಕೆನ್ನೆ ಒಳಗೆ ಕುಸಿದಿತ್ತು, ಹಲ್ಲುಗಳು ನಾಲಿಗೆಯ ಮೇಲೆ ಬಿದ್ದಿದ್ದವು. ಅವನ್ನು ಬೆರಳು ಹಾಕಿ ತೆಗೆದು ಬಟ್ಟಲಿಗೆ ಹಾಕಿದೆ. ಇಷ್ಟೆಲ್ಲ ಒಡೆದುಹೋದರೂ ಹುಬ್ಬಿನ ಮೇಲಿನ ಹಳೇ ಹೊಲಿಗೆ ಮಾತ್ರ ಅಲುಗಿರಲಿಲ್ಲ. ಇದು ಯಾವ ಗಾಯ ಅಂತ ಚಿಕ್ಕ ಡಾಕ್ಟರು ಕೇಳಿದರು. ಹಿಂದೆ ಸ್ಟುಡಿಯೋ ಮೆಟ್ಟಿಲಿಂದ ಜಾರಿ ಬಿದ್ದಿದ್ದರು, ಆಗ ನಾನೇ ಹಾಕಿದ ಹೊಲಿಗೆ ಅಂದೆ. ಚೆನ್ನಾಗಿ ಹಾಕಿದೀರಿ ಅಂದರು. ನಿಮ್ಮನ್ನು ಮೇಲಕ್ಕೆ ಒಯ್ದ ಮೇಲೆ ಕೈ ತೊಳೆಯಲು ಹೋದೆ. ನಲ್ಲಿ ತಿರುಗಿಸಲು ಬೆರಳು ಬಗ್ಗಲಿಲ್ಲ, ಆಯಾ ಬಂದು ತಿರುಗಿಸಿದಳು.

ಮಾರನೇ ದಿನ ನಿಮ್ಮನ್ನು ನೋಡಿಕೊಂಡು ಹೋಗಲು ಸ್ಟುಡಿಯೋ ಪಕ್ಕದ ಸೈಕಲ್ ಅಂಗಡಿಯವನು ಬಂದಿದ್ದ. ನನ್ನನ್ನು ಕಂಡದ್ದೇ ಬಡಾಯಿ ಕೊಚ್ಚಿಕೊಳ್ಳಲು ಶುರುವಿಟ್ಟ. ಧಡ್ ಅಂತ ಸದ್ದು ಕೇಳಿ ನುಗ್ಗಿದ್ವಿ ಅಕ್ಕಾ, ಅವನು ಯಜಮಾನರ ಮೇಲೆ ಕೂತು ಕತ್ತು ಹಿಸುಕ್ತಿದ್ದ, ಕೂದಲು ಹಿಡಿದು ಬೀದಿಗೆ ಎಳೆದ್ವಿ ಅಂದ. ಬೆನ್ನಿಗೆ ಸೈಕಲ್ ಚೈನು, ತಲೆಗೆ ಪಂಪು, ಬಾಯಿಗೆ ಷಟರ್ ಎಳೆಯುವ ಕೊಕ್ಕೆ. ಆಮೇಲೆ ಅವನ ಬಲಗೈಯನ್ನು ಸ್ಟುಡಿಯೋ ಮೆಟ್ಟಿಲ ಮೇಲೆ ಇಡಿಸಿ ಒಬ್ಬೊಬ್ಬರಾಗಿ ಬಂದು ತುಳಿದರಂತೆ. ಬಟ್ಟೆ ಅಂಗಡಿಯ ಮುದುಕರೂ ಗಿರಾಕಿಯನ್ನು ಬಿಟ್ಟು ಬಂದು ತುಳಿದು ಹೋದರಂತೆ. ಅವರ ಮಂಡಿ ನೋವು ನಿಮಗೆ ಗೊತ್ತಲ್ಲ, ಅಂಗಡಿಯೊಳಗೆ ಸ್ಟೂಲ್ ಹತ್ತಲೂ ಆಗುವುದಿಲ್ಲ. ಅವನು ತಿರುಗಿ ಒಂದು ಏಟೂ ಹೊಡೀಲಿಲ್ಲ ಅಕ್ಕಾ, ಹೇಡಿ ಅಂತ ನಕ್ಕ.

ಕತ್ತು ಹಿಸುಕುವಾಗ ಅವನ ಮೈಮೇಲೆ ಅಂಗಿ ಇತ್ತೇನಪ್ಪಾ ಅಂತ ಕೇಳಿದೆ. ತಲೆ ಕೆರೆದುಕೊಂಡು, ಇಲ್ಲ ಅಕ್ಕಾ, ಅಂಗಿ ಬಿಚ್ಚಿ ಯಜಮಾನರ ಮುಖಕ್ಕೆ ಕಟ್ಟಿಬಿಟ್ಟಿದ್ದ, ಉಸಿರುಗಟ್ಟಿಸೋಕೆ ಅಂದ. ಹೋಗಿ ಟೀ ಕುಡಿ ಅಂತ ಕಳಿಸಿದೆ. ಇನ್ನೊಂದು ಕ್ಷಣ ನನ್ನೆದುರು ನಿಂತಿದ್ದರೆ ಅವನಿಗೂ ಹೊಲಿಗೆ ಬೀಳುತ್ತಿತ್ತು.

ನಿಮ್ಮ ಬಟ್ಟೆಬರೆ ತರಲು ಸ್ಟುಡಿಯೋಗೆ ಹೋದೆ. ನಿಮ್ಮನ್ನು ಬಿಟ್ಟು ಬಂದ ಮೇಲೂ ಬೀಗದ ಕೈ ನನ್ನ ಹತ್ತಿರವೇ ಇದೆ. ಯಾಕೆ ವಾಪಸ್ಸು ಕೊಟ್ಟಿಲ್ಲ ಅಂತ ಕೇಳಬೇಡಿ, ನೀವೂ ಕೇಳಲಿಲ್ಲ. ಒಳಗೆ ನೆಲದ ರಕ್ತ ಒಣಗಿ ಹಕ್ಕಳೆ ಎದ್ದಿತ್ತು. ನೀವು ಚಿತ್ರಕ್ಕೆ ಕೂರಿಸುವ ಕೆಂಪು ಕುರ್ಚಿ ಮಾತ್ರ ಇದ್ದಲ್ಲೇ ಇತ್ತು, ಏನೂ ಆಗದ ಹಾಗೆ. ಅವನು ನಿಮಗೆ ಹೊಡೆದ ಕ್ಯಾಮರಾ ಸ್ಟ್ಯಾಂಡನ್ನು ಪೊಲೀಸರು ಹೊತ್ತುಕೊಂಡು ಹೋಗಿದ್ದರು. ಕುರ್ಚಿಯ ಕೆಳಗೆ ಉರುಳಿದ್ದ ಕ್ಯಾಮರಾವನ್ನು ಯಾರೂ ಬಗ್ಗಿ ನೋಡಿರಲಿಲ್ಲ. ಗಾಜು ಬಿರುಕು ಬಿಟ್ಟಿದ್ದರೂ ಗುಂಡಿ ಒತ್ತಿದರೆ ಚಿತ್ರ ಬರುತ್ತಿತ್ತು.

ಅದರ ಮಾತಿಗೆ ಆಮೇಲೆ ಬರುತ್ತೇನೆ. ಮೊದಲು ನಿಮಗೆ ಸಲ್ಲಬೇಕಾದ್ದನ್ನು ಸಲ್ಲಿಸಿಬಿಡುತ್ತೇನೆ. ಹೆಣ ಸಾಗಿಸುವ ವ್ಯಾನಿನ ಡ್ರೈವರನ್ನು, ಮೋರಿಗಿಳಿದು ಎದ್ದು ಬಂದವನನ್ನು, ಸಂಜೆ ಮೂಲೆಯಲ್ಲಿ ನಿಲ್ಲುವ ಹೆಂಗಸನ್ನು, ಹುಚ್ಚಾಸ್ಪತ್ರೆಯಿಂದ ಬಿಟ್ಟರೂ ಮನೆಯವರು ಒಳಗೆ ಸೇರಿಸದವಳನ್ನು ಕರೆದು ತಂದು, ಮುಚ್ಚಿದ ನಾಟಕ ಮಂದಿರದಿಂದ ತಂದ ಆ ರಾಜನ ಕುರ್ಚಿಯಲ್ಲಿ ಕೂರಿಸಿದವರು ನೀವು. ಅವರ ಮುಖಕ್ಕೆ ಬೆಳಕು ಬೀಳುವ ಹಾಗೆ ಪರದೆ ಸರಿಸಲು ಒಂದು ಮಧ್ಯಾಹ್ನ ಪೂರ್ತಿ ಕಳೆಯುತ್ತಿದ್ದಿರಿ. ಆ ವ್ಯಾನ್ ಡ್ರೈವರು ತನ್ನ ಚಿತ್ರ ನೋಡಿ, ನಾನು ಇಷ್ಟು ದೊಡ್ಡ ಮನುಷ್ಯನಾ ಅಂತ ಕೇಳಿದ್ದ. ಅವತ್ತು ನಿಮ್ಮನ್ನು ನೋಡಿ ನನಗೆ ಹೆಮ್ಮೆಯಾಗಿತ್ತು. ಮದುವೆಗೆ ಒಪ್ಪಿದ್ದೂ ಅದೇ ಹೆಮ್ಮೆಯಲ್ಲಿ. ಅದನ್ನು ಇವತ್ತಿಗೂ ಅಲ್ಲಗಳೆಯುವುದಿಲ್ಲ.

ಆದರೆ ನೀವು ಕೆಲಸ ಮಾಡುವ ರೀತಿ ನನಗೆ ಗೊತ್ತು. ಮೊದಲು ಟೀ ಕೊಡುತ್ತೀರಿ, ಕಷ್ಟ ಸುಖ ಕೇಳುತ್ತೀರಿ. ಅವರು ಎದೆ ಬಿಚ್ಚಿ ಹೇಳಿಕೊಳ್ಳುತ್ತಾರೆ, ಯಾಕೆಂದರೆ ಅವರನ್ನು ಬೇರೆ ಯಾರೂ ಕೇಳಿರುವುದಿಲ್ಲ. ಆಮೇಲೆ ಸುಮ್ಮನೆ ಒಂದಷ್ಟು ಚಿತ್ರ ತೆಗೆಯುತ್ತೀರಿ. ಕೊನೆಗೆ ಕ್ಯಾಮರಾವನ್ನು ಸ್ಟ್ಯಾಂಡಿನಿಂದ ಕಳಚಿ ಕೈಗೆ ತೆಗೆದುಕೊಂಡು, ಮೊಣಕಾಲು ತಗಲುವಷ್ಟು ಹತ್ತಿರ ಹೋಗಿ, ಅವರು ಹೇಳಿಕೊಂಡಿದ್ದರಲ್ಲೇ ಎಲ್ಲಿ ಹಸಿ ಗಾಯವಿದೆಯೋ ಅಲ್ಲಿಗೆ ಒಂದು ಮಾತು ಚುಚ್ಚುತ್ತೀರಿ. ಮಾತು ತಾಗಿದ ಮೇಲೆ, ಸಿಟ್ಟು ಕೈಗೆ ಇಳಿಯುವ ಮೊದಲು ಒಂದು ಗಳಿಗೆ ಮುಖ ಬೆತ್ತಲಾಗುತ್ತದೆ, ನನಗೆ ಬೇಕಾದ್ದು ಅದೇ ಅಂತ ನೀವೇ ಹೇಳಿದ್ದಿರಿ. ಆಮೇಲೆ ಕ್ಷಮೆ ಕೇಳಿ, ಹೆಗಲು ತಬ್ಬಿ, ಇನ್ನೊಂದು ಟೀ ತರಿಸುತ್ತೀರಿ. ಅವರು ಕಣ್ಣು ಒರೆಸಿಕೊಂಡು ಹೋಗುತ್ತಾರೆ. ದೊಡ್ಡವರ ಮೇಲೆ ಈ ಆಟ ನಡೆಯುವುದಿಲ್ಲ ನೋಡಿ. ಅವರು ವಕೀಲರನ್ನು ಕರೆಯುತ್ತಾರೆ.

ನನ್ನನ್ನೂ ಕೂರಿಸಿದಿರಿ. ನಮ್ಮ ಮಗು ಹೋಗಿ ಇನ್ನೂ ಎದೆಹಾಲು ಬತ್ತಿರಲಿಲ್ಲ. ಮನೆಯಲ್ಲಿ ಕೂತು ಕೊರಗಬೇಡ, ಬಾ, ಮನಸ್ಸು ಹಗುರಾಗುತ್ತೆ ಅಂದಿರಿ. ನಂಬಿ ಬಂದೆ. ಪರದೆ ಸರಿಸಿದಿರಿ, ಕೂದಲು ಹಿಂದೆ ಮಾಡಿದಿರಿ. ಆಮೇಲೆ ಹತ್ತಿರ ಬಂದು, ಮೆತ್ತಗೆ, ಊರ ಮಕ್ಕಳನ್ನೆಲ್ಲ ಉಳಿಸ್ತೀಯಲ್ಲ, ನಮ್ಮದನ್ನ ಯಾಕೆ ಕೈ ಬಿಟ್ಟೆ ಅಂದಿರಿ. ಫ್ಲಾಶ್ ಬಿತ್ತು. ಆ ಸಂಜೆಯೇ ನಾನು ಬಟ್ಟೆ ಕಟ್ಟಿಕೊಂಡು ಹೊರಟೆ. ಬಹುಮಾನ ಬಂದ ಆ ಚಿತ್ರ ಈಗಲೂ ಸ್ಟುಡಿಯೋ ಮುಂದಿನ ಗಾಜಿನೊಳಗೆ ಇದೆ. ಬಸ್ಸಿಗೆ ಕಾಯುವವರೆಲ್ಲ ಅದರ ಮುಂದೆ ನಿಂತು ತಲೆ ಬಾಚಿಕೊಳ್ಳುತ್ತಾರೆ.

ಈಗ ಕ್ಯಾಮರಾ. ಮೊದಲ ಚಿತ್ರಗಳಲ್ಲಿ ಬಡಗಿ ನಾಚಿಕೊಂಡು ಕೂತಿದ್ದಾನೆ, ಅದೇ ಗೀಟಿನ ಅಂಗಿಯ ಗುಂಡಿಗಳನ್ನೆಲ್ಲ ಕತ್ತಿನವರೆಗೂ ಹಾಕಿಕೊಂಡು. ಕೊನೆಯದರಲ್ಲಿ ಮುಖ ತುಂಬ ಹತ್ತಿರದಲ್ಲಿದೆ. ಬಾಯಿ ಅರ್ಧ ತೆರೆದಿದೆ, ಕಣ್ಣಲ್ಲಿ ನೀರು ತುಂಬಿದೆ, ಎರಡೂ ಕೈ ಕುರ್ಚಿಯ ಕೈಗಳನ್ನು ಬಿಗಿಯಾಗಿ ಹಿಡಿದಿವೆ. ಅದನ್ನು ಹಿಡಿದುಕೊಂಡೇ ಹೊರಗೆ ಹೋಗಿ ಗಾಜಿನ ಮುಂದೆ ನಿಂತೆ. ನನ್ನದೂ ಅದೇ ಬಾಯಿ, ಅದೇ ಕಣ್ಣು, ಅದೇ ಬಿಗಿದ ಕೈ. ಅಕ್ಕಪಕ್ಕ ಇಟ್ಟರೆ ಅಣ್ಣ ತಂಗಿ ಅನ್ನಬೇಕು.

ಅಂಥವನ ಮೇಲೆ ನೀವು ಏನು ಬರೆದುಕೊಟ್ಟಿರಿ ಅಂತ ಇನ್‌ಸ್ಪೆಕ್ಟರು ಓದಿ ಹೇಳಿದರು. ಫೋಟೋಗೆ ಅಂತ ಬಂದು ಕ್ಯಾಮರಾ ಕಿತ್ತುಕೊಳ್ಳಲು ನೋಡಿದ, ಬಿಡದಿದ್ದಕ್ಕೆ ಹೊಡೆದ ಅಂತ. ಕಿತ್ತುಕೊಳ್ಳುವವನು ಕುರ್ಚಿಯ ಕೈ ಹಿಡಿದು ಕೂತು ಅಳುತ್ತಾನೆಯೇ? ಅವನು ಹೊಡೆದದ್ದು ಸರಿ ಅಂತ ನಾನು ಹೇಳುತ್ತಿಲ್ಲ. ನಿಮ್ಮ ದವಡೆ ಮುರಿದದ್ದು ಅವನ ಕೈಯೇ, ಅದಕ್ಕೆ ಎಷ್ಟು ಶಿಕ್ಷೆಯೋ ಅಷ್ಟು ಆಗಲಿ. ಆದರೆ ಹೊಡೆದ ಕೈಯಲ್ಲೇ ಸ್ಟ್ಯಾಂಡ್ ಬಿಸಾಕಿ, ಅಂಗಿ ಬಿಚ್ಚಿ ನಿಮ್ಮ ರಕ್ತ ಕಟ್ಟಿದವನನ್ನು ಕಳ್ಳ ಅಂತ ಬರೆದಿರಲ್ಲ, ಆ ಕೈಗೆ ಏನನ್ನಬೇಕು. ಹಿಂದೊಮ್ಮೆ ಕೊಲೆಯಾದ ಜಗಳದಲ್ಲಿ ಸಿಕ್ಕಿ ಒಳಗೆ ಹೋದವನು ಅವನು. ಈ ಸಲ ದರೋಡೆ ಅಂತ ಹೋದರೆ ಹೆಣವಾಗಿಯೇ ಹೊರಗೆ ಬರುತ್ತಾನೆ. ಇದನ್ನೂ ಇನ್‌ಸ್ಪೆಕ್ಟರೇ ಹೇಳಿದ್ದು.

ಅವನು ಕೆಳಗಿನ ವಾರ್ಡಿನಲ್ಲಿ ಇದ್ದಾನೆ. ಎಡಗೈಯನ್ನು ಮಂಚಕ್ಕೆ ಬೇಡಿ ಹಾಕಿ ಕಟ್ಟಿದ್ದಾರೆ. ಬಲಗೈಯ ಎರಡು ಬೆರಳನ್ನು ನಿನ್ನೆ ತೆಗೆದರು. ಉಳಿದವು ಇನ್ನು ಉಳಿ ಹಿಡಿಯುವುದಿಲ್ಲ. ನಿಮ್ಮ ಚಿತ್ರಗಳಿಗೆಲ್ಲ ಚೌಕಟ್ಟು ಮಾಡಿಕೊಡುತ್ತಿದ್ದವನು ಅವನೇ ಅಂತ ನನಗೆ ಗೊತ್ತಿರಲಿಲ್ಲ. ನನ್ನ ಚಿತ್ರಕ್ಕೂ ಅವನೇ ಹೊಸ ಚೌಕಟ್ಟು ಹಾಕಿದನಂತೆ, ನನ್ನ ಮುಖವನ್ನು ಅವನು ಕಂಡದ್ದು ಅಲ್ಲಿ. ಡ್ರೆಸ್ಸಿಂಗ್ ಮಾಡುವಾಗ ಹೇಳಿದ, ಅವನು ಜೈಲಲ್ಲಿದ್ದಾಗ ಮಗಳು ಜ್ವರದಲ್ಲಿ ಹೋದಳು, ಕೊನೆಯದಾಗಿ ಮುಖ ನೋಡಲೂ ಬಿಡಲಿಲ್ಲ ಅಂತ. ಅದನ್ನು ನಿಮ್ಮೊಬ್ಬರ ಹತ್ತಿರ ಹೇಳಿಕೊಂಡಿದ್ದನಂತೆ, ಟೀ ಕುಡಿಯುತ್ತಾ. ನೀವು ಹತ್ತಿರ ಹೋಗಿ, ಸಾಯೋವಾಗ ಅವಳು ನಿನ್ನ ಹೆಸರೇ ಎತ್ತಲಿಲ್ಲವಂತೆ ಅಂದಿರಂತೆ. ನಿಜಾನಾ ಸಿಸ್ಟರ್, ಅವರಿಗೆ ಯಾರಾದ್ರೂ ಹೇಳಿದ್ರಾ ಅಂತ ಕೇಳಿದ. ಸುಳ್ಳು ಅಂದೆ. ಆಣೆ ಮಾಡಿ ಹೇಳಿದೆ. ಆಗ ಮೊದಲ ಸಲ ಅವನು ದನಿ ತೆಗೆದು ಅತ್ತ, ನಾನು ಹಾಕಿದ ತುಟಿಯ ಹೊಲಿಗೆ ಬಿಚ್ಚಿಕೊಂಡಿತು. ಮತ್ತೆ ಹೊಲಿಯಲು ಕೂತಾಗ ನನ್ನ ಮುಖವನ್ನೇ ನೋಡುತ್ತಾ, ಆ ಚಿತ್ರ ತೆಗೆಯೋವಾಗ ನಿಮಗೂ ಏನೋ ಅಂದಿದ್ರು ಅಲ್ವಾ ಅಂದ. ನಾನು ಸೂಜಿ ನೋಡಿದೆ.

ನಿಮ್ಮಿಂದ ನನಗೆ ಬೇಕಾಗಿರುವುದು ಒಂದೇ. ನಿಮ್ಮ ಬಾಯಿ ಹೋಗಿದೆ, ಬರೆಯುವ ಕೈ ನೆಟ್ಟಗಿದೆ. ಆ ಹೇಳಿಕೆಯನ್ನು ತಿದ್ದಿ. ಕಳ್ಳತನಕ್ಕೆ ಬಂದಿದ್ದ ಅನ್ನುವುದನ್ನು ಹೊಡೆದುಹಾಕಿ, ನೀವು ಅಂದ ಮಾತನ್ನು ನಿಮ್ಮ ಕೈಯಲ್ಲೇ ಬರೆಯಿರಿ. ನೀವು ಬೇರೆಯವರ ಮುಖ ಬಿಚ್ಚಿಸಿ ಗಾಜಿನೊಳಗೆ ಇಟ್ಟವರು. ಒಂದು ಸಲ ನೀವೂ ಆ ಕುರ್ಚಿಯಲ್ಲಿ ಕೂರಿ.

ಊಟಕ್ಕೆ ಮುಷ್ಕರ ಹೂಡಿದ್ದೀರಂತೆ, ನಳಿಗೆಯಲ್ಲಿ ಕೊಟ್ಟ ಹಾಲನ್ನು ಹಾಗೇ ಬಿಡುತ್ತೀರಂತೆ. ಕುಡಿಯಿರಿ. ನಿಮ್ಮ ಮೇಲೆ ನನಗೆ ಸಿಟ್ಟಿದೆ, ನೀವು ಸಾಯಲಿ ಅಂತ ಇಲ್ಲ.

ಇಂತಿ,
ಇನ್ನೂ ನಿಮ್ಮ ಹೆಂಡತಿಯೇ ಆಗಿರುವ
ಹೊಲಿಗೆ ಕೋಣೆಯ ಸಿಸ್ಟರ್

ಮೇಲೆ ಬರೆಯದೆ ಬಿಟ್ಟದ್ದು: ಬೆಳಗ್ಗೆ ನಾನೂ ಇನ್‌ಸ್ಪೆಕ್ಟರಿಗೆ ಹೇಳಿಕೆ ಕೊಟ್ಟೆ. ಅವನ ಚಿತ್ರವಿರುವ ಕ್ಯಾಮರಾವನ್ನೂ ನನ್ನ ಚಿತ್ರದ ಇನ್ನೊಂದು ಪ್ರತಿಯನ್ನೂ ಮೇಜಿನ ಮೇಲಿಟ್ಟೆ. ಬರೀ ಮಾತಿಗೆ ಮನುಷ್ಯ ಇಷ್ಟು ಕೆರಳುತ್ತಾನಾ ಅಂದರು. ಕೆರಳುತ್ತಾನೆ ಅಂದೆ. ನಿಮಗೆ ಹೇಗೆ ಗೊತ್ತು ಅಂದರು. ನನ್ನ ಗಂಡನ ಹುಬ್ಬಿನ ಗಾಯ ಮೆಟ್ಟಿಲಿನದಲ್ಲ, ಇದೇ ಸ್ಟ್ಯಾಂಡಿನದು, ನನ್ನ ಚಿತ್ರ ತೆಗೆದ ದಿನ ಎತ್ತಿ ಹೊಡೆದವಳು ನಾನು, ಟವೆಲ್ ಒತ್ತಿ ಹಿಡಿದು ಹೊಲಿದವಳೂ ನಾನೇ ಅಂತ ಹೇಳಿ ಸಹಿ ಹಾಕಿದೆ. ಕೆಲಸ ಹೋದರೆ ಹೋಗಲಿ. ಮತ್ತೆ ನಿಮ್ಮ ಗಂಡ ಯಾಕೆ ದೂರು ಕೊಡಲಿಲ್ಲ ಅಂತ ಕೇಳಿದರು. ಅವರನ್ನೇ ಕೇಳಿ ಅಂದೆ. ನಾಳೆ ನಿಮ್ಮ ಹತ್ತಿರ ಬರುತ್ತಾರೆ. ಅವತ್ತು ನೀವು ಮುಖದ ಮೇಲೆ ರಕ್ತ ಇಳಿಯುತ್ತಿದ್ದಾಗಲೇ ಬೀದಿಯವರ ಮುಂದೆ ನಿಂತು, ಜಾರಿ ಬಿದ್ದೆ ಅಂದಿರಿ. ನಿಜ ಬರೆಯಲು ಕೈ ಬಾರದಿದ್ದರೆ, ಅದೇ ಸುಳ್ಳನ್ನು ಆ ಬಡಗಿಗೂ ಬರೆದುಕೊಡಿ.