ಒಳತೊಡೆಯ ಐದು ಸ್ನಾಯುಗಳು

ಕೊರ್ದೊಬಾ,
12 ಡಿಸೆಂಬರ್ 1986

ಪ್ರೀತಿಯ ಅಮ್ಮನಿಗೆ,

ಪಾಸಾದೆ. ಮೊದಲ ಸಾಲಿನಲ್ಲೇ ಬರೆದುಬಿಟ್ಟೆ, ಏಕೆಂದರೆ ನೀನು ಲಕೋಟೆ ಹರಿದು ಹೊಲಿಗೆ ಮೆಷಿನ್ನಿನ ಪಕ್ಕ ನಿಂತೇ ಓದುತ್ತೀಯೆಂದು ಗೊತ್ತು. ಇನ್ನು ಕೂತುಕೋ. ನೀರು ಕಾಯಿಸಿ ಒಂದು ಸೋರೆಬುರುಡೆ ಮಾಟೆ ಚಹಾ ಹೀರುತ್ತಾ ಉಳಿದದ್ದನ್ನು ಓದು.

ಅಂಗರಚನೆಯ ಪರೀಕ್ಷೆಯಲ್ಲಿ ಮೂರು ಸಲ ಫೇಲಾದಾಗಲೂ ಗುಂಡು ಕೈಕೊಟ್ಟಿತೆಂದು ಬರೆದಿದ್ದೆ. ತಂತಿಯ ಗೂಡು ತಿರುಗಿಸಿ ನಂಬರಿನ ಗುಂಡು ಎತ್ತಬೇಕು, ಆ ನಂಬರಿನ ಪಾಠ ಹೇಳಬೇಕು ಎಂದು ಹಿಂದೆಯೇ ನಿನಗೆ ತಿಳಿಸಿದ್ದೆನಲ್ಲ. ನಾನು ಬರೆದದ್ದು ಸುಳ್ಳು ಅಮ್ಮ. ಒಮ್ಮೆ ಮೊಣಕೈ ಬಂತು, ಒಮ್ಮೆ ಯಕೃತ್ತು, ಒಮ್ಮೆ ಕಿವಿಯ ಮೂಳೆಗಳು. ಮೂರನ್ನೂ ತಡವರಿಸದೆ ಹೇಳಿದ್ದೆ. ಕಳೆದ ಪತ್ರದಲ್ಲಿ ನೀನು, "ಓದೋಕೆ ಮನಸ್ಸಿಲ್ದಿದ್ರೆ ಬಾ, ಇಲ್ಲಿ ಗುಂಡಿ ಹೊಲಿಯೋಕೆ ಜನ ಬೇಕು" ಎಂದು ಬೈದಿದ್ದೆ. ಅದನ್ನು ಓದಿ ಸಿಟ್ಟು ಬಂದಿತ್ತು. ಆದರೆ ನಿಜ ಬರೆಯುವ ಧೈರ್ಯ ಬರಲಿಲ್ಲ.

ನಿಜ ಏನೆಂದರೆ, ಯಾವ ಗುಂಡು ಬಿದ್ದರೂ ಹುಡುಗಿಯರಿಗೆ ಕೊನೆಯ ಪ್ರಶ್ನೆ ಒಂದೇ. ಡಾಕ್ಟರ್ ಒರ್ತುಬಿಯಾ ನಾಲ್ಕನೇ ಮೇಜಿಗೆ ಹೋಗಿ ಹೆಣದ ಕಾಲಿನ ಮೇಲಿನ ಬಟ್ಟೆ ತೆಗೆಯುತ್ತಾರೆ. ಅಲ್ಲಿ ಒಳತೊಡೆಯ ಐದು ಸ್ನಾಯುಗಳನ್ನು ಬಿಡಿಸಿ ಇಟ್ಟಿರುತ್ತಾರೆ. ಐದೂ ಹೊಟ್ಟೆಯ ಬುಡದ ಮೂಳೆಯಿಂದ ಹೊರಡುತ್ತವೆ. ನಾಲ್ಕು ತೊಡೆಮೂಳೆಯನ್ನು ಕಚ್ಚಿ ಹಿಡಿಯುತ್ತವೆ. ಗ್ರೇಸಿಲಿಸ್ ಎಂಬ ಐದನೆಯದು ಮಾತ್ರ ನಿನ್ನ ಅಳತೆ ಟೇಪಿನಷ್ಟು ತೆಳ್ಳಗಿದ್ದು, ಮಂಡಿ ದಾಟಿ ಕೆಳಗಿಳಿಯುತ್ತದೆ. ಎಲ್ಲಕ್ಕೂ ಕೆಲಸ ಒಂದೇ, ಎರಡು ತೊಡೆಗಳನ್ನು ಒತ್ತಿ ಸೇರಿಸುವುದು. ಇಷ್ಟು ಹೇಳಿದರೆ ಹುಡುಗರಿಗೆ ಸಾಕು.

ನಮಗೆ ಸಾಲದು. "ಹಳೇ ಪುಸ್ತಕದಲ್ಲಿ ಇವಕ್ಕೊಂದು ಅಡ್ಡಹೆಸರಿದೆ. ಹೇಳಮ್ಮ, ಎಲ್ಲರೂ ಕೇಳಲಿ" ಎನ್ನುತ್ತಾರೆ. ಕನ್ಯತ್ವದ ಕಾವಲುಗಾರರು, ಅದು ಆ ಹೆಸರು. ಹೇಳಿದವಳಿಗೆ ಮತ್ತೊಂದು ಪ್ರಶ್ನೆ ಕಾದಿರುತ್ತದೆ: "ನಿನ್ನ ಕಾವಲುಗಾರರು ಡ್ಯೂಟಿ ಮಾಡ್ತಿದ್ದಾರೋ, ನಿದ್ದೆ ಹೊಡೀತಿದ್ದಾರೋ?" ಪರೀಕ್ಷೆಗೆ ಯಾರು ಬೇಕಾದರೂ ಬಂದು ಕೂರಬಹುದೆಂಬ ನಿಯಮವಿದೆ. ಇದನ್ನು ಕೇಳುವುದಕ್ಕೆಂದೇ ಹುಡುಗರು ಬಂದು ಬೆಂಚು ಹಿಡಿಯುತ್ತಾರೆ. ಬಾಯಿ ಬಿಡದವಳಿಗೆ ಸಿಗುವುದು ಹತ್ತಕ್ಕೆ ಎರಡೇ ಅಂಕ, ಅಂದರೆ ಫೇಲು. "ವಿಷಯ ಪೂರ್ತಿ ತಿಳಿದಿಲ್ಲ" ಎಂದು ಷರಾ. ದೂರು ಕೊಡಬೇಕೆಂದರೆ ವಿಭಾಗದ ಮುಖ್ಯಸ್ಥರಿಗೆ ಕೊಡಬೇಕು, ಆ ಮುಖ್ಯಸ್ಥರೂ ಅವರೇ.

ಮೂರು ಸಲವೂ ನಾನು ಸುಮ್ಮನೆ ನಿಂತೆ. ಇದು ನಾಲ್ಕನೆಯದು, ಕೊನೆಯದು. ಇದೂ ಹೋದರೆ ಸೀಟೇ ಹೋಗುತ್ತಿತ್ತು. ನನ್ನ ಕೋಣೆಯ ಸುಲೆಮಾ ವಾರವಿಡೀ ತಲೆ ತಿಂದಳು: "ಹೇಳಿ ಬಿಸಾಕೇ. ಎರಡು ಪದ. ನಾನು ಹೇಳ್ಲಿಲ್ವಾ? ಬಂದು ಬಾಯಿ ಮುಕ್ಕಳಿಸಿದೆ, ಮುಗೀತು. ನೀನೇನು ದೊಡ್ಡ ಸಂತಳಾ?" ನಾನು ಊರಿಗೆ ಬರುವಂತಿಲ್ಲ, ಇಲ್ಲಿರುವಂತಿಲ್ಲ. ನಿನಗೆ ಹೇಳೋಣವೆಂದರೆ ಮೂರು ಸುಳ್ಳುಗಳು ಬಾಗಿಲಿಗೆ ಅಡ್ಡ ನಿಂತಿದ್ದವು.

ನಿನ್ನೆ ಮಣಿಕಟ್ಟಿನ ಗುಂಡು ಬಂತು. ಎಂಟು ಮೂಳೆಗಳನ್ನೂ ಸಾಲಾಗಿ ಹೇಳಿದೆ. ಆಮೇಲೆ ನಾಲ್ಕನೇ ಮೇಜು. ಅವರು ಬಟ್ಟೆ ತೆಗೆದರು. ಬೆಂಚಿನ ಮೇಲಿದ್ದವರು ಮುಂದಕ್ಕೆ ಬಾಗಿದರು. ಐದೂ ಹೆಸರು ಹೇಳಿದೆ, ಎಲ್ಲಿ ಹುಟ್ಟಿ ಎಲ್ಲಿ ಸೇರುತ್ತವೆಂದು ಹೇಳಿದೆ. ಅವರು ಬಾಯಿ ತೆರೆಯುವಷ್ಟರಲ್ಲಿ, ಎಲ್ಲಿಂದ ಬಂತೋ ಕಾಣೆ, ನಾನೇ ಮಾತಾಡಿಬಿಟ್ಟೆ: "ಇವನ್ನ ಸತ್ತವರ ಮೈಯಲ್ಲಿ ನೋಡೋಕೆ ಮುಂಚೆನೇ ನಂಗೆ ಗೊತ್ತಿತ್ತು ಡಾಕ್ಟರೇ. ನಮ್ಮಪ್ಪ ಜೀನಿಲ್ಲದೆ ಕುದುರೆ ಪಳಗಿಸ್ತಿದ್ರು, ಇವುಗಳ ಬಲದಿಂದಲೇ ಅವರು ಮೇಲೆ ಕೂರ್ತಿದ್ದದ್ದು. ನಮ್ಮಮ್ಮ ಸವಾರರಿಗೆ ಪ್ಯಾಂಟು ಹೊಲೀತಾರೆ. ಬಟ್ಟೆ ಮೊದಲು ಸವೆಯೋದು ಇಲ್ಲೇ, ಅಮ್ಮ ತೇಪೆ ಕೊಡೋದೂ ಇಲ್ಲೇ."

ಡಾಕ್ಟರು ಕನ್ನಡಕ ತೆಗೆದು ನನ್ನನ್ನು ನೋಡಿದರು. ಏನೋ ಒಂದು ಮಾತು ಹೇಳಿದರು. ಕೊಠಡಿಯಲ್ಲಿ ನಗು ಎದ್ದಿತು. ಆ ಗದ್ದಲದಲ್ಲಿ ಅಡ್ಡಹೆಸರು ಕೇಳುವುದನ್ನೇ ಮರೆತು ಏಳು ಅಂಕ ಬರೆದು ಸಹಿ ಹಾಕಿದರು. ಆ ಎರಡು ಪದಗಳನ್ನು ನಾನು ಹೇಳಲಿಲ್ಲ ಅಮ್ಮ. ಇದೊಂದನ್ನು ನೀನು ನಂಬಬೇಕು.

ಸುಲೆಮಾ ಮಂಚದ ಮೇಲೆ ಹತ್ತಿ ಕುಣಿದಳು, ಬೇಕರಿಯಿಂದ ಬಿಸಿ ಬನ್ನು ತಂದಳು. ನಾನು ಗೋಡೆಗೆ ಮುಖ ಮಾಡಿ ಮಲಗಿದೆ. ಮಾರ್ಚ್‌ನಲ್ಲಿ ನರಮಂಡಲದ ಪರೀಕ್ಷೆ ಇದೆ. ಅದೂ ಈ ಡಾಕ್ಟರ ಕೈಯಲ್ಲೇ. ನಿನ್ನೆ ನಾನು ಕೊಠಡಿಯಿಂದ ಹೊರಡುವಾಗ, "ದರ್ಜಿಯ ಮಗಳೇ, ಮತ್ತೆ ಬರ್ತೀಯಲ್ಲ, ಕಾಯ್ತಿರ್ತೀನಿ" ಎಂದು ಬೆನ್ನು ತಟ್ಟಿದರು. ಇನ್ನೂ ಐದು ವರ್ಷ ನಾನು ಇದೇ ಕಟ್ಟಡದೊಳಗೆ ಓಡಾಡಬೇಕು. ಈ ಇಕ್ಕಟ್ಟಿನಿಂದ ಹೊರಬೀಳುವ ದಾರಿ ಸಿಕ್ಕಿತೆಂದು ನೀನು ಸಂತೋಷಪಡುತ್ತೀಯ. ನನಗೋ ಈಗಷ್ಟೇ ಚಿಲಕ ಬಿದ್ದಂತೆ ಅನ್ನಿಸುತ್ತಿದೆ.

ಅಂಗಡಿಗೆ ಬಂದವರಿಗೆಲ್ಲ ಮಗಳು ಪಾಸಾದಳೆಂದು ಹೇಳಬೇಡ ಎಂದರೆ ನೀನು ಕೇಳುವವಳಲ್ಲ. ಹೇಳುವ ಮೊದಲು ಹಾಳೆ ತಿರುಗಿಸಿ ಹಿಂಬದಿ ಓದು, ಅಷ್ಟೇ ಕೇಳುತ್ತೇನೆ.

ನಿನ್ನ ಮಗಳು,
ಗ್ರಿಸೆಲ್ದಾ

ತಾ.ಕ.: ಡಾಕ್ಟರು ಹೇಳಿದ ಮಾತನ್ನು ನುಂಗಿಕೊಂಡೇ ಪತ್ರ ಮುಗಿಸಬೇಕೆಂದಿದ್ದೆ. ಆಗಲಿಲ್ಲ. "ನಿಮ್ಮಪ್ಪ ಇಲ್ವಾ?" ಎಂದು ಕೇಳಿದರು, ಇಲ್ಲವೆಂದು ತಲೆಯಾಡಿಸಿದೆ. "ಹಾಗಾದ್ರೆ ಊರಿನ ಗಂಡಸರ ತೊಡೆಯೆಲ್ಲ ವಿಧವೆಗೆ ಬಾಯಿಪಾಠ ಅನ್ನು" ಎಂದರು. ನನಗೆ ಹನ್ನೊಂದು ವರ್ಷವಿದ್ದಾಗ ಮಾಂಸದಂಗಡಿಯ ಮುಂದೆ ಒಬ್ಬ ಇದೇ ಮಾತಾಡಿದ್ದ. ನಾನು ಅವನ ಕೈ ಕಚ್ಚಿ ರಕ್ತ ಬರಿಸಿದ್ದೆ, ನೀನು ಮೂರು ದಿನ ಅಂಗಡಿ ತೆಗೆಯಲಿಲ್ಲ. ನಿನ್ನೆ ಆ ಕೊಠಡಿಯಲ್ಲಿ ಎಲ್ಲರಿಗಿಂತ ಮೊದಲು ನಕ್ಕವಳು ನಾನೇ ಅಮ್ಮ.