ಕಂದಕದೊಳಗಿನ ಮೂವತ್ತೊಂದು ಮನೆಗಳು

ಕಾವಲು ಭೂಮಿಯ ರಕ್ಷಣೆಯ ಹೊಣೆ ಹೊತ್ತ ಮಾನ್ಯ ಅಧಿಕಾರಿಗಳೇ,

ದನ ಮೇಯುವ ಕರಿಕಲ್ಲು ಕಾವಲಿನ ಸುತ್ತ ನೀವು ತೋಡಿಸಿರುವ ಕಂದಕದ ಒಳಗೆ ಮೂವತ್ತೊಂದು ಕುಟುಂಬಗಳು ಸಿಕ್ಕಿಕೊಂಡಿವೆ. ಆರು ಅಡಿ ಆಳ, ಎಂಟು ಅಡಿ ಅಗಲ. ಎಲ್ಲಿಯೂ ಒಂದು ದಾರಿ ಬಿಟ್ಟಿಲ್ಲ. ಇದನ್ನು ನಾಲ್ಕು ಅರ್ಜಿಗಳಲ್ಲಿ ನಿಮ್ಮ ಕಚೇರಿಗೆ ತಿಳಿಸಿದೆವು. ನಾಲ್ಕಕ್ಕೂ ಬಂದ ಉತ್ತರ ಒಂದೇ: ಸದರಿ ಕಾವಲಿನಲ್ಲಿ ಜನವಸತಿ ಇರುವುದಿಲ್ಲ. ಇಲ್ಲದ ಜನ ನಾಲ್ಕು ಸಲ ಅರ್ಜಿ ಬರೆದರೂ ನಿಮಗೆ ಅನುಮಾನ ಬರಲಿಲ್ಲವೇ? ಅದಕ್ಕೇ ಈ ಪತ್ರವನ್ನು ಎಲ್ಲರ ಎದುರಿಗೇ ಬರೆಯುತ್ತಿದ್ದೇನೆ. ನಾನು ಪಕ್ಕದೂರಿನ ಆಶಾ ಕಾರ್ಯಕರ್ತೆ. ಆ ಇಲ್ಲದ ಜನರ ಮಕ್ಕಳಿಗೆ ಹನ್ನೊಂದು ವರ್ಷಗಳಿಂದ ಲಸಿಕೆ ಹಾಕಿಸುತ್ತಿದ್ದೇನೆ.

ಅವರು ಶಿಳ್ಳೇಕ್ಯಾತರು. ಅಜ್ಜಂಪುರದ ಕಡೆ ಒಂದು ಕೆರೆಯ ದಂಡೆಯಲ್ಲಿ ಗುಡಾರ ಹಾಕಿಕೊಂಡು ಮೀನು ಹಿಡಿಯುತ್ತಿದ್ದವರು. ಕೆರೆ ಗುತ್ತಿಗೆದಾರನ ಪಾಲಾದ ವರ್ಷ ಅವರನ್ನು ಎಬ್ಬಿಸಿ, ಲಾರಿಗಳಲ್ಲಿ ತುಂಬಿ ತಂದು, ಈ ಕಾವಲಿನಲ್ಲಿ ಇಳಿಸಿದರು. ಆರು ತಿಂಗಳು ಇಲ್ಲಿರಿ, ಆಮೇಲೆ ನಿವೇಶನ ಕೊಡುತ್ತೇವೆ ಎಂದು ಆಗಿನ ಅಧಿಕಾರಿಯೊಬ್ಬರು ಹೇಳಿದ್ದರಂತೆ. ಆ ಆರು ತಿಂಗಳಿಗೆ ಈಗ ಹತ್ತೊಂಬತ್ತು ವರ್ಷ. ಗಂಡಸರು ಇಂದಿಗೂ ಬಲೆ ಹೊತ್ತು ಶಿವನಿಯ ಕೆರೆಗಳವರೆಗೆ ಹೋಗುತ್ತಾರೆ. ಹೆಂಗಸರು ಪಿನ್ನು, ಬಾಚಣಿಗೆ ಮಾರಿಕೊಂಡು ಊರೂರು ಸುತ್ತುತ್ತಾರೆ. ಜಾಗ ಬಿಡಬೇಕೆಂದರೆ ಬಿಡುತ್ತಾರೆ. ಎಲ್ಲಿಗೆ ಎಂಬುದನ್ನು ಮಾತ್ರ ಯಾರೂ ಹೇಳುತ್ತಿಲ್ಲ.

ಕಂದಕದ ವಿಷಯದಲ್ಲಿ ತಪ್ಪೆಲ್ಲ ನಿಮ್ಮದೇ ಎಂದು ಹೇಳಲಾರೆ. ಕಾವಲು ಒತ್ತುವರಿಯಾಗುತ್ತಿದೆ, ದನ ಮೇಯಲು ಜಾಗವಿಲ್ಲ ಎಂದು ಮನವಿ ಕೊಟ್ಟವರು ನಮ್ಮೂರಿನವರೇ. ಆ ಮನವಿಯಲ್ಲಿ ನನ್ನ ಗಂಡ ಕಲ್ಲೇಶ್ ಅವರ ಸಹಿಯೂ ಇದೆ. ಒತ್ತುವರಿ ಮಾಡಿದವರ ತೋಟಗಳು ಹೇಗೋ ಕಂದಕದ ಹೊರಗೆ ಉಳಿದವು, ಗುಡಿಸಲುಗಳು ಒಳಗೆ ಉಳಿದವು. ಜೆಸಿಬಿ ಬಂದ ದಿನ ಕೇರಿಯ ಹಿರಿಯ ಚಿಕ್ಕಬೀರಪ್ಪ, ಒಂದು ಗಾಡಿ ಹೋಗುವಷ್ಟಾದರೂ ದಾರಿ ಬಿಡಿ ಎಂದು ನಿಮ್ಮ ಸಿಬ್ಬಂದಿಯನ್ನು ಬೇಡಿಕೊಂಡರು. ಒಳಗೆ ಯಾರೂ ಇಲ್ಲವೆಂದು ದಾಖಲೆಯಲ್ಲಿದೆ, ಇಲ್ಲದವರಿಗೆ ದಾರಿ ಹೇಗೆ ಬಿಡುವುದು ಎಂದು ನಿಮ್ಮವರು ಕೇಳಿದರಂತೆ. ಅಂದಿನಿಂದ ಆ ಜನ ಮಣ್ಣಿನಲ್ಲಿ ಮೆಟ್ಟಿಲು ಕೆತ್ತಿಕೊಂಡು ಇಳಿದು ಹತ್ತುತ್ತಿದ್ದಾರೆ. ಮಂಡಿನೋವಿನ ಜವರಮ್ಮ ಆ ದಿನದಿಂದ ಹೊರಗೇ ಬಂದಿಲ್ಲ.

ಆಷಾಢದ ಒಂದು ಬೆಳಿಗ್ಗೆ ಜವರಮ್ಮನ ಮೊಮ್ಮಗ ತಿಪ್ಪೇಶ್ ಫೋನ್ ಮಾಡಿದ. ಅವನ ಹೆಂಡತಿ ಕೆಂಚಮ್ಮನಿಗೆ ಹೆರಿಗೆ ನೋವು, ಜೊತೆಗೆ ರಕ್ತ ಹೋಗುತ್ತಿತ್ತು. ಆಂಬುಲೆನ್ಸ್‌ಗೆ ಹೇಳಿ ನಾನು ಓಡಿದೆ. ಮೂರು ದಿನದ ಮಳೆಗೆ ಮೆಟ್ಟಿಲು ಕರಗಿ ಕಂದಕದಲ್ಲಿ ಎದೆಮಟ್ಟ ನೀರು ನಿಂತಿತ್ತು. ನನ್ನನ್ನು ಹಗ್ಗ ಹಿಡಿಸಿ ದಾಟಿಸಿದರು. ಕೆಂಚಮ್ಮನನ್ನು ಕಂಬಳಿಯಲ್ಲಿ ಮಲಗಿಸಿ ಅಂಚಿಗೆ ತಂದರು. ಒಬ್ಬನ ಕಾಲು ಜಾರಿತು, ಅವಳು ಬೀಳುವುದರಲ್ಲಿದ್ದಳು. ಆಂಬುಲೆನ್ಸ್ ಆಚೆ ದಡದಲ್ಲಿ ನಿಂತಿತ್ತು. ಅದರ ದೀಪ ತಿರುಗುವುದು ನಮಗೆ ಕಾಣುತ್ತಿತ್ತು. ಬಸುರಿಯನ್ನು ಆ ನೀರಿಗಿಳಿಸುವ ಧೈರ್ಯ ಯಾರಿಗೂ ಬರಲಿಲ್ಲ. ಆಗ ಮುಚ್ಚಿಬಿಡಿ ಎಂದು ಹೇಳಿದವಳು ನಾನು. ಕಂದಕದ ಮಣ್ಣು ಪಕ್ಕದಲ್ಲೇ ಗುಡ್ಡೆಯಾಗಿತ್ತು. ಇಡೀ ಕೇರಿ ಗುದ್ದಲಿ, ಬಾಣಲಿ, ಬರಿಗೈ ಹಾಕಿ ಎಳೆಯಿತು. ನಾನೂ ಎಳೆದೆ. ನಾಲ್ಕಡಿ ಅಗಲದ ದಾರಿಯಾಗಲು ಒಂದು ಗಂಟೆ ಹಿಡಿಯಿತು.

ಕೆಂಚಮ್ಮ ಉಳಿದಳು. ಕೂಸು ಉಳಿಯಲಿಲ್ಲ. ಇನ್ನೊಂದು ಅರ್ಧ ಗಂಟೆ ಮೊದಲು ತಂದಿದ್ದರೆ ಎಂದು ವೈದ್ಯೆ ಶುರು ಮಾಡಿದರು, ತಿಪ್ಪೇಶನ ಮುಖ ನೋಡಿ ಮಾತು ನಿಲ್ಲಿಸಿದರು. ಅವನು ಅಳಲಿಲ್ಲ. ಕೂಸನ್ನು ತನ್ನ ಅಂಗಿಯಲ್ಲಿ ಸುತ್ತಿಕೊಂಡು ಬಸ್ಸಿನಲ್ಲಿ ಕೂತು ಬಂದ.

ನಾಲ್ಕು ಅರ್ಜಿಗೆ ಅಲುಗಾಡದ ನಿಮ್ಮ ಕಚೇರಿ ಈಗ ಎರಡೇ ದಿನದಲ್ಲಿ ಎದ್ದು ಬಂತು. ಜೆಸಿಬಿ ಆ ದಾರಿಯನ್ನು ಮತ್ತೆ ತೋಡಿತು. ಸರ್ಕಾರಿ ಆಸ್ತಿಗೆ ಹಾನಿ ಮಾಡಿದರೆಂದು ಚಿಕ್ಕಬೀರಪ್ಪ, ತಿಪ್ಪೇಶ್ ಮತ್ತು ಅವನ ಅಣ್ಣನ ಮೇಲೆ ಕೇಸಾಯಿತು. ಮಣ್ಣು ಎಳೆದವರು ಐವತ್ತು ಜನ, ಆರೋಪಿಗಳು ಮೂವರೇ ಏಕೆ? ಗುರುತಿನ ಚೀಟಿ ಇದ್ದವರು ಆ ಮೂವರು ಮಾತ್ರ, ಅದೂ ಬೇರೆ ಊರಿನ ವಿಳಾಸದಲ್ಲಿ. ದೋಷಾರೋಪ ಪಟ್ಟಿಯನ್ನು ತರಿಸಿ ಓದಿದೆ. ಆರೋಪಿಗಳ ವಾಸಸ್ಥಳ: ಕರಿಕಲ್ಲು ಕಾವಲು. ಅಂದರೆ ಅವರಿಗೆ ಹತ್ತೊಂಬತ್ತು ವರ್ಷದಲ್ಲಿ ಸರ್ಕಾರ ಕೊಟ್ಟ ಏಕೈಕ ವಿಳಾಸ ಇದು. ಪಡಿತರ ಕೇಳಿದಾಗ ಇಲ್ಲದವರು, ಕಟಕಟೆಗೆ ಕರೆಯುವಾಗ ಹೇಗೆ ಇದ್ದುಬಿಟ್ಟರು, ಮಾನ್ಯರೇ?

ಆ ಪಟ್ಟಿಯಲ್ಲಿ ನನ್ನ ಹೆಸರೂ ಇದೆ, ನಿಮ್ಮ ಪರ ಸಾಕ್ಷಿಯಾಗಿ. ಮುಚ್ಚಿದ್ದನ್ನು ಕಂಡೆ ಎಂದಷ್ಟೇ ಹೇಳಿ, ಕೆಲಸ ಉಳಿಸಿಕೊಳ್ಳಿ ಎಂದು ನಿಮ್ಮ ಸಿಬ್ಬಂದಿಯೊಬ್ಬರು ಮನೆಗೇ ಬಂದು ತಿಳಿಹೇಳಿದರು. ನನ್ನ ಗಂಡನದೂ ಅದೇ ಮಾತು. "ಹೌದು ಅಂದು ಬಂದ್ಬಿಡು ಕಣೇ. ನಾಳೆ ಊರಲ್ಲಿ ತಲೆ ಎತ್ಕೊಂಡು ಓಡಾಡ್ಬೇಕಲ್ಲ?" ಎಂದರು. ಹೌದೆಂದರೆ ಮೂವರು ಜೈಲಿಗೆ. ಇಲ್ಲವೆಂದರೆ ಸುಳ್ಳು ಸಾಕ್ಷಿ. ಯಾವ ದಿಕ್ಕಿಗೆ ಹೊರಳಿದರೂ ದಾರಿಯಿಲ್ಲ ಎಂದರೆ ಏನೆಂದು ನನಗೂ ಈಗ ಗೊತ್ತಾಗಿದೆ. ಒಂದು ವಾರ ಕಳೆದ ಮೇಲೆ ಜವರಮ್ಮನ ಬಳಿಗೆ ಹೋಗಿ ಇದ್ದದ್ದನ್ನು ಹೇಳಿದೆ. ಮೊಮ್ಮಗನನ್ನು ಉಳಿಸು ಎಂದು ಕೈ ಹಿಡಿಯುತ್ತಾಳೆ ಎಂದುಕೊಂಡಿದ್ದೆ. ಅವಳು, "ಸುಳ್ ಹೇಳ್ಬ್ಯಾಡ ಕಣವ್ವ. ನಿಜಾನೇ ಹೇಳು. ಆದ್ರೆ ಅರ್ಧಕ್ಕೆ ನಿಲ್ಲಿಸ್ಬ್ಯಾಡ, ಪೂರ್ತಿ ಹೇಳು" ಎಂದಳು.

ಆದ್ದರಿಂದ ಪೂರ್ತಿ ಹೇಳುತ್ತಿದ್ದೇನೆ. ಕಂದಕ ಮುಚ್ಚಲು ಹೇಳಿದವಳು ನಾನು, ಮುಚ್ಚಿದವರಲ್ಲಿ ಒಬ್ಬಳೂ ನಾನು. ನನ್ನ ಬಳಿ ಗುರುತಿನ ಚೀಟಿ ಇದೆ, ವಿಳಾಸವಿದೆ, ನಿಮ್ಮ ದಾಖಲೆಗೆ ಒಪ್ಪುವ ಎಲ್ಲವೂ ಇದೆ. ಸಾಕ್ಷಿಯ ಪಟ್ಟಿಯಿಂದ ನನ್ನ ಹೆಸರು ತೆಗೆದು ಆರೋಪಿಗಳ ಪಟ್ಟಿಗೆ ಸೇರಿಸಿ, ಇಲ್ಲವೇ ಆ ಮೂವರ ಹೆಸರನ್ನೂ ತೆಗೆಯಿರಿ. ಅವರಿಗೆ ಬೇರೆಡೆ ನಿವೇಶನ ಕೊಡುವವರೆಗೆ ಕಂದಕದಲ್ಲಿ ನೀರು ಹರಿಯಲು ಪೈಪು ಹಾಕಿಸಿ, ಮೇಲೆ ಒಂದು ಆಂಬುಲೆನ್ಸ್ ದಾಟುವಷ್ಟು ದಾರಿ ಮಾಡಿಸಿಕೊಡಿ. ಕೇರಿಯಲ್ಲಿ ಇನ್ನೂ ಇಬ್ಬರು ಬಸುರಿಯರಿದ್ದಾರೆ. ಒಬ್ಬಳಿಗೆ ಈಗ ಎಂಟು ತಿಂಗಳು.

ಇಂತಿ,
ನಿಮ್ಮ ಪರ ಸಾಕ್ಷಿಯಾಗಿ ಉಳಿಯಲು ಅರ್ಹತೆ ಕಳೆದುಕೊಂಡ
ತೀರ್ಥಮ್ಮ